ಮುಖ ನೋಡಿ ‘ಸಾಲಗಾರ’ ಅನ್ನೋದು ಹೇಗೆ?

ಇಮೇಜ್‌ನೆಟ್ ಹೆಸರು ಕೇಳದೆ ಮೆಷಿನ್ ಲರ್ನಿಂಗ್ ಓದಿದವರು ನಮ್ಮಲ್ಲಿ ಸಿಗೋದು ಕಷ್ಟ. 2012ರಲ್ಲಿ ಅಲೆಕ್ಸ್‌ನೆಟ್ ಗೆದ್ದಿದ್ದು ಅದರ ಸ್ಪರ್ಧೆಯಲ್ಲೇ. ಮಿನಿ ಪ್ರಾಜೆಕ್ಟಿನಲ್ಲಿ ‘ಪ್ರಿಟ್ರೇನ್ಡ್’ ಅಂತ ಒಂದು ಸಾಲು ಬರೆದು ಮುಂದೆ ಹೋಗ್ತೀವಲ್ಲ, ಅದರ ಹಿಂದೆ ಎಷ್ಟೋ ಸಲ ಇರೋದು ಇದೇ. ಅದರೊಳಗೆ ಮನುಷ್ಯರನ್ನು ಏನಂತ ಕರೆದಿದ್ದಾರೆ ಅಂತ ತೆಗೆದು ನೋಡಿದವರು ಎಷ್ಟು ಜನ?

ಟ್ರೆವರ್ ಪ್ಯಾಗ್ಲೆನ್ ನೋಡಿದ. ಅಮೆರಿಕದ ಕಲಾವಿದ, ಭೂಗೋಳಶಾಸ್ತ್ರದಲ್ಲಿ ಪಿಎಚ್‌ಡಿ ಮಾಡಿದವ (ಸಿಎಸ್ ಅಲ್ಲ, ಗಮನಿಸಿ). ಸಂಶೋಧಕಿ ಕೇಟ್ ಕ್ರಾಫರ್ಡ್ ಜೊತೆ ಸೇರಿ 2019ರಲ್ಲಿ ‘ಇಮೇಜ್‌ನೆಟ್ ರೂಲೆಟ್’ ಅನ್ನೋ ಕೃತಿ ಮಾಡಿದ. ನಿಮ್ಮ ಫೋಟೋ ಹಾಕಿದರೆ ಮುಖದ ಸುತ್ತ ಒಂದು ಚೌಕ, ಮೇಲೊಂದು ಲೇಬಲ್. ಅಷ್ಟೇ. ಇಮೇಜ್‌ನೆಟ್‌ನ ಸುಮಾರು 1.4 ಕೋಟಿ ಚಿತ್ರಗಳಲ್ಲಿ ‘ವ್ಯಕ್ತಿ’ ವಿಭಾಗದವನ್ನು ಮಾತ್ರ ತಗೊಂಡು ಟ್ರೇನ್ ಮಾಡಿದ ಮಾಡೆಲ್ ಅದು. ಆ ವಿಭಾಗದಲ್ಲಿ 2,800ಕ್ಕೂ ಹೆಚ್ಚು ಲೇಬಲ್ಲುಗಳು: ಸಾಲಗಾರ, ಕೆಟ್ಟ ಮನುಷ್ಯ, ಚಟಕ್ಕೆ ಕದಿಯುವವ. ಕೂಲಿಂಗ್ ಗ್ಲಾಸ್ ಹಾಕಿದ ಒಂದು ಮಗುವಿನ ಫೋಟೋಗೆ ‘ಸೋತವ’ ಅಂತ ಲೇಬಲ್ ಇತ್ತು. ಜನ ಮೊದಲು ಸೆಲ್ಫಿ ಆಟದ ಥರ ಹಂಚಿಕೊಂಡು ನಕ್ಕರು. ಕಪ್ಪು ಜನರಿಗೆ, ಏಷ್ಯಾದವರಿಗೆ ಜನಾಂಗೀಯ ಬೈಗುಳ ಬಂದಾಗ ನಗು ನಿಂತಿತು. ಕೊನೆಗೆ ಇಮೇಜ್‌ನೆಟ್ ತಂಡ ಸುಮಾರು 6 ಲಕ್ಷ ಚಿತ್ರ ತೆಗೆಯುವುದಾಗಿ ಹೇಳಿತು.

“ಕೆಟ್ಟ ಲೇಬಲ್ ತೆಗೆದರಲ್ಲ, ಬಗ್ ಫಿಕ್ಸ್ ಆಯ್ತು” ಅನ್ನೋರಿದ್ದಾರೆ. ನಾನು ಒಪ್ಪಲ್ಲ. ನಾಯಿ ಪೊಮೆರೇನಿಯನ್ನೋ ಅಲ್ಲವೋ ಅನ್ನೋದು ಚಿತ್ರ ನೋಡಿದರೆ ತಿಳಿಯುತ್ತೆ. ಸಾಲಗಾರ ಅನ್ನೋದು? ಯಾವ ಪಿಕ್ಸೆಲ್‌ನಲ್ಲಿ ಇಎಂಐ ಕಾಣಿಸುತ್ತೆ ಗುರೂ? ಪದಗಳು ಬಂದಿದ್ದು ವರ್ಡ್‌ನೆಟ್ ಅನ್ನೋ ಪದಕೋಶದಿಂದ, ಚಿತ್ರಕ್ಕೆ ಅಂಟಿಸಿದ್ದು ಅಮೆಜಾನ್ ಮೆಕ್ಯಾನಿಕಲ್ ಟರ್ಕ್‌ನಲ್ಲಿ ಚಿತ್ರಕ್ಕಿಷ್ಟು ಅಂತ ಕೂಲಿ ಪಡೆದವರು. ಅವರ ಊಹೆಯೇ ನಮ್ಮ ‘ಗ್ರೌಂಡ್ ಟ್ರುತ್’. ಅದರ ಮೇಲೆ 95% ಆಕ್ಯುರಸಿ ಬಂದರೆ, ಊಹೆಯನ್ನು 95% ನಕಲು ಮಾಡಿದ್ದೀವಿ ಅಂತ ಅರ್ಥ.

ಪ್ಯಾಗ್ಲೆನ್ ಕೃತಿಯಲ್ಲಿ ಸ್ವಲ್ಪ ಅತಿಯೂ ಇದೆ. ನಾವು ಸಾಮಾನ್ಯವಾಗಿ ಬಳಸೋ 1,000 ಕ್ಲಾಸಿನ ಇಮೇಜ್‌ನೆಟ್‌ನಲ್ಲಿ ವ್ಯಕ್ತಿಗಳ ಲೇಬಲ್ ಇರೋದು ಬೆರಳೆಣಿಕೆ. ಹಾಗಾಗಿ ನಿಮ್ಮ ರೆಸ್‌ನೆಟ್ ಯಾರನ್ನೂ ಕಳ್ಳ ಅನ್ನಲ್ಲ, ಹೆದರಬೇಡಿ. ಆದರೆ ಮುಖ ನೋಡಿ ಗುಣ ಹೇಳೋ ಚಾಳಿ ಅಲ್ಲಿಗೇ ನಿಂತಿಲ್ಲ. ವಿಡಿಯೋ ಇಂಟರ್‌ವ್ಯೂನಲ್ಲಿ ಅಭ್ಯರ್ಥಿಯ ಮುಖಭಾವವನ್ನೂ ಅಳೆಯುತ್ತಿದ್ದ ಹೈರ್‌ವ್ಯೂ ಕಂಪನಿ, ಟೀಕೆ ಜೋರಾದ ಮೇಲೆ, 2021ರಲ್ಲಿ ಅದನ್ನು ಕೈಬಿಟ್ಟಿದ್ದಾಗಿ ಹೇಳಿತು. ಪ್ಲೇಸ್‌ಮೆಂಟಿಗೆ ಕೂರೋ ನಮಗೆ ಇದು ಗ್ಯಾಲರಿಯ ವಿಷಯ ಅಲ್ಲ.

ಪ್ರಾಜೆಕ್ಟ್ ರಿವ್ಯೂನಲ್ಲಿ ಆಕ್ಯುರಸಿ ಎಷ್ಟು ಅಂತ ಎಲ್ಲರೂ ಕೇಳ್ತಾರೆ. ಲೇಬಲ್ ಕೊಟ್ಟವರು ಯಾರು, ಅದು ಫೋಟೋದಲ್ಲಿ ನಿಜವಾಗಿ ಕಾಣುತ್ತಾ ಅಂತಲೂ ಕೇಳಲಿ. ಮುಖ ನೋಡಿ ಮೂಡ್ ಹೇಳೋ ಪ್ರಾಜೆಕ್ಟುಗಳು ಪ್ರತಿ ಬ್ಯಾಚಿನಲ್ಲೂ ಇರುತ್ತವೆ, ಅಲ್ಲಿಂದಲೇ ಶುರು ಮಾಡಬಹುದು.