ಇದರೊಳಗೆ ಏನಿದೆ?



ಹಾಸ್ಟೆಲಿನ ಮುರುಕು ಮಂಚ ಗುಜರಿಗೆ ಹಾಕುವಾಗ ನಾವು ತಕ್ಕಡಿ ನೋಡ್ತೀವಿ, ತೂಗೋ ಕೈ ನೋಡಲ್ಲ.

2010ರಲ್ಲಿ ದೆಹಲಿ ವಿಶ್ವವಿದ್ಯಾಲಯ ತನ್ನ ರಸಾಯನಶಾಸ್ತ್ರ ವಿಭಾಗದ ಹಳೇ ಯಂತ್ರವೊಂದನ್ನು ಹರಾಜು ಹಾಕಿತು. ಅದರೊಳಗಿದ್ದದ್ದು ವಿಕಿರಣ ಸೂಸುವ ಕೋಬಾಲ್ಟ್-60. ಮಾಯಾಪುರಿಯ ಗುಜರಿ ಕೂಲಿಗಳು ಬರೀ ಲೋಹ ಅಂದ್ಕೊಂಡು ಒಡೆದರು. ಮೈ ಕಪ್ಪಾಯಿತು, ಕೂದಲು ಉದುರಿತು. ಒಬ್ಬ ಸತ್ತ, ಇನ್ನೂ ಹಲವರು ಆಸ್ಪತ್ರೆಯಲ್ಲಿ ನರಳಿದರು.

ಓದು ಬರದವರ ತಪ್ಪು ಅಂತೀರಾ? ವಿಷ ಬಂದದ್ದು ಓದಿದವರ ಮನೆಯಿಂದಲೇ ಅಲ್ಲವೇ? ಹೇಳಬೇಕಾದವರು ಹೇಳಲಿಲ್ಲ. ಊರಿನ ಹೊಲಸು ಎತ್ತೋ ಕೈಗೆ ಹೊಲಸಿನ ಹೆಸರೂ ತಿಳಿಸದ ವಿದ್ಯೆ ಯಾವ ವಿದ್ಯೆ?

ನಾವು ಆ ಕೈಗಳ ಮಕ್ಕಳು. ನಾಳೆ ನಮ್ಮ ಕಾಲೇಜಿನಿಂದ ಗುಜರಿ ಲಾರಿ ಹೊರಟರೆ ಗೇಟಿನಲ್ಲೇ ನಿಲ್ಲಿಸಿ ಕೇಳೋಣ: ಇದರೊಳಗೆ ಏನಿದೆ? ಒಡೆಯೋನಿಗೆ ಹೇಳಿದ್ದೀರಾ?