ಮಂಜು ತೆಗೆದರೆ ದೆವ್ವವೂ ಹೋಯಿತು

ಮಕ್ಕಳೇ, ಈ ವಾರ ದೆವ್ವದ ಸುದ್ದಿ. ಅಂಜಬೇಡಿ, ಇದು ಕಂಪ್ಯೂಟರಿನೊಳಗಿನ ದೆವ್ವ.

ಮೊನ್ನೆ ಕೊಲ್ಹಾರಕ್ಕೆ ಅಕ್ಕನ ಮನೆಗೆ ಹೋಗಿದ್ದೆ. ಇಂಜಿನಿಯರಿಂಗ್ ಓದುವ ಅವಳ ಮೊಮ್ಮಗ ರಾತ್ರಿ ಲ್ಯಾಪ್‌ಟಾಪ್ ಮುಂದೆ ಕೂತಿದ್ದ. ಪರದೆ ತುಂಬ ಮಂಜು. ಕಳೆದುಹೋದ ಮಗಳನ್ನು ಹುಡುಕುತ್ತ ಒಬ್ಬ ತಂದೆ ಖಾಲಿ ಊರಿನಲ್ಲಿ ಓಡುತ್ತಿದ್ದ. ಅವನ ರೇಡಿಯೊ ಗರಗರ ಅಂದರೆ ಏನೋ ಹತ್ತಿರ ಬಂತೆಂದು ಅರ್ಥ.

"ಯಾವ ಆಟೋ ತಮ್ಮಾ ಇದು?"

"ಸೈಲೆಂಟ್ ಹಿಲ್ ಅಜ್ಜಾ. 1999ರದ್ದು. ಕಾಕಾನ ಪ್ಲೇಸ್ಟೇಷನ್ ಕೆಟ್ಟು ಹೋಗೇತಿ, ಡಿಸ್ಕ್ ಅಷ್ಟ ಉಳದೈತಿ. ಅದಕ್ಕ ಎಮ್ಯುಲೇಟರ್ ಹಾಕೀನಿ."

ಎಮ್ಯುಲೇಟರ್ ಅಂದರೆ ಒಂದು ಯಂತ್ರ ಇನ್ನೊಂದರ ವೇಷ ಹಾಕುವಂತೆ ಮಾಡುವ ತಂತ್ರಾಂಶ. ಹಳೆಯ ಪೆಟ್ಟಿಗೆ ಮಾಡುತ್ತಿದ್ದ ಲೆಕ್ಕವನ್ನೆಲ್ಲ ಹೊಸ ಕಂಪ್ಯೂಟರ್ ಅದೇ ರೀತಿ ಮಾಡುತ್ತದೆ. ಆಟಕ್ಕೆ ತಾನು ಹಳೆಯ ಮನೆಯಲ್ಲೇ ಇದ್ದೇನೆ ಅನಿಸಬೇಕು, ಅಷ್ಟೆ.

ಆ ಪ್ಲೇಸ್ಟೇಷನ್ನಿನ ಮುಖ್ಯ ಮೆಮೊರಿ ಬರೀ 2 ಎಂಬಿ. ಇಂದಿನ ಮೊಬೈಲಿನ ಒಂದು ಫೋಟೊ ಅದಕ್ಕಿಂತ ದೊಡ್ಡದಿರುತ್ತದೆ! ದೂರದ ಬೀದಿ, ಮನೆ, ಮರಗಳನ್ನೆಲ್ಲ ಒಮ್ಮೆಲೇ ಬಿಡಿಸುವ ಶಕ್ತಿ ಅದಕ್ಕಿರಲಿಲ್ಲ. ಆಟ ಮಾಡಿದವರು ಆ ಕೊರತೆಯನ್ನು ಮಂಜಿನಲ್ಲಿ ಮುಚ್ಚಿದರು. ಕಾಣದ್ದರಿಂದಲೇ ಅಂಜಿಕೆ ಹೆಚ್ಚಿತು.

"ಈಗ ಕಂಪ್ಯೂಟರಿಗೆ ಶಕ್ತಿ ಐತೆಲ್ಲ, ಮಂಜು ತಗದಬಿಡು" ಅಂದೆ.

ಮೂಲೆಯಲ್ಲಿ ಹೆಪ್ಪು ಹಾಕುತ್ತಿದ್ದ ಅಕ್ಕ ನಕ್ಕಳು. "ಸ್ಟೀಲ್ ಡಬರ್‍ಯಾಗ ಹೆಪ್ಪ ಹಾಕಿದ್ರ ಕೊಲ್ಹಾರ ಮಸರ ಆಕ್ಕೈತೇನೋ? ಮಣ್ಣಿನ ಗಡಿಗಿ ನೀರು ಹೀರಬೇಕು, ಆಗ ಗಟ್ಟಿ ಆಗೂದು."

ಅಕ್ಕ ಹೇಳಿದ್ದು ಖರೆ. 2012ರಲ್ಲಿ ಇದೇ ಸರಣಿಯ 2 ಮತ್ತು 3ನೇ ಆಟಗಳನ್ನು ಹೊಸ ಯಂತ್ರಗಳಿಗೆ ಹೊಂದಿಸಿ ತಂದರು. ಮೊದಲಿನ ಮಂಜು ಇಲ್ಲವೆಂದು ಆಡುವವರು ಬೇಸರಪಟ್ಟರು. ಕಾರಣ ಏನು ಗೊತ್ತೇ? ಪೂರ್ತಿಯಾದ ಮೂಲ ಕೋಡ್ ಕಂಪನಿಯೇ ಕಾದಿಟ್ಟಿರಲಿಲ್ಲ! ಹಳೆಯದನ್ನು ಹಳೆಯ ಹಾಗೆಯೇ ಉಳಿಸುವ ಎಮ್ಯುಲೇಟರಿನ ಬೆಲೆ ಇಲ್ಲಿ ತಿಳಿಯುತ್ತದೆ.

ಎರಡು ಮಾತು ನೆನಪಿಡಿ. ಎಮ್ಯುಲೇಟರ್ ಪುಕ್ಕಟೆ ಸಿಗಬಹುದು, ಆದರೆ ಆಟ ಅದನ್ನು ಮಾಡಿದವರ ಸೊತ್ತು. ಕೊಂಡ ಡಿಸ್ಕ್ ಇಲ್ಲದೆ ಎಲ್ಲಿಂದಲೋ ಇಳಿಸಿಕೊಳ್ಳುವುದು ಸರಿಯಲ್ಲ. ಇನ್ನು ಈ ಆಟ ದೊಡ್ಡವರದು. ಅಮೆರಿಕದಲ್ಲಿ ಇದಕ್ಕೆ 17 ದಾಟಿದವರಿಗೆ ಎಂಬ ಗುರುತಿದೆ. ಆದ್ದರಿಂದ ಚಿಕ್ಕವರೇ, ಸದ್ಯಕ್ಕೆ ಅಜ್ಜಿಯ ದೆವ್ವದ ಕಥೆಯೇ ಸಾಕು.

ಅಷ್ಟರಲ್ಲಿ ಹುಡುಗ ಆಟ ನಿಲ್ಲಿಸಿ ಕೇಳಿದ: "ಅಜ್ಜೀ, ಹಳೇ ಊರಾಗ ನಿನಗ ಎಲ್ಲಿ ಅಂಜಿಕಿ ಬರ್ತಿತ್ತು?"

ಹಳೇ ಕೊಲ್ಹಾರ ಆಲಮಟ್ಟಿ ಅಣೆಕಟ್ಟಿನ ಹಿನ್ನೀರಿನಲ್ಲಿ ಮುಳುಗಿದೆ. ಅದರ ಓಣಿಗಳನ್ನು ಮತ್ತೆ ತೋರಿಸುವ ಎಮ್ಯುಲೇಟರ್ ಯಾರ ಬಳಿಯೂ ಇಲ್ಲ. ಅಕ್ಕ ಕಣ್ಣು ಮುಚ್ಚಿ ಹೇಳತೊಡಗಿದಳು: ಹುಣಸೆ ಮರದ ತಿರುವು, ಪಾಳುಬಿದ್ದ ಮನೆ, ಹೊಳೆಗೆ ಇಳಿಯುವ ಕತ್ತಲೆ ದಾರಿ. ಹುಡುಗ ನೋಟ್‌ಬುಕ್ ತೆಗೆದು ಓಣಿ ಓಣಿಯಾಗಿ ನಕ್ಷೆ ಬರೆದುಕೊಂಡ. ಲ್ಯಾಪ್‌ಟಾಪ್ ತಾನಾಗಿ ಆರಿಹೋಗಿದ್ದು ಯಾರಿಗೂ ಗೊತ್ತಾಗಲಿಲ್ಲ.

ನಿಮ್ಮ ಅಜ್ಜ-ಅಜ್ಜಿ ಚಿಕ್ಕವರಿದ್ದಾಗ ಯಾವ ತಿರುವಿನಲ್ಲಿ ಓಡುತ್ತಿದ್ದರು? ಇಂದೇ ಕೇಳಿ, ಬರೆದಿಡಿ.