ವಿದೂಷಕನ ದೇಶಸೇವೆ

ತನ್ನನ್ನು ಹೊಗಳಿದ ಕವಿಯನ್ನು ಆದರದಿಂದ ನೆನೆಯುವುದು ಯಾವ ರಾಷ್ಟ್ರಕ್ಕೂ ಸುಲಭ. ತನ್ನನ್ನು ನೋಡಿ ನಕ್ಕವನನ್ನು ಅದೇ ಆದರದಿಂದ ನೆನೆಯುವುದು ಕಷ್ಟ. ಈ ಎರಡನೆಯ ಬಗೆಯವರಲ್ಲಿ ಒಬ್ಬನು ಪೋಲಂಡಿನ ನಾಟಕಕಾರನೂ ಚಿತ್ರಕಥೆಗಾರನೂ ಆಗಿದ್ದ ಯಾನುಶ್ ಗ್ವೊವಾತ್ಸ್ಕಿ. 1938ರಲ್ಲಿ ಪೊಜ್ನಾನ್ ನಗರದಲ್ಲಿ ಹುಟ್ಟಿದ ಈತನು 2017ನೆಯ ಇಸವಿಯ ಆಗಸ್ಟ್ 19ರಂದು ಈಜಿಪ್ತ ದೇಶದಲ್ಲಿ ತೀರಿಕೊಂಡನು. ಸ್ವಜನರನ್ನು ಹಾಸ್ಯಮಾಡುವುದನ್ನೇ ಬಾಳಿನುದ್ದಕ್ಕೂ ಕಸುಬಾಗಿ ಮಾಡಿಕೊಂಡವನನ್ನು, ದೇಶವು ಲಷ್ಕರಿ ಕಾಯಿದೆಯ ಕೆಳಗೆ ನರಳಿದ ಕಾಲದಲ್ಲಿ ಹೊರನಾಡಿನಲ್ಲಿ ಉಳಿದವನನ್ನು, ದೇಶಸೇವಕರ ಪಂಕ್ತಿಯಲ್ಲಿ ಕೂರಿಸುವುದು ಸರಿಯೇ ಎಂದು ಯಾರಾದರೂ ಕೇಳಬಹುದು. ಸರಿಯೆಂಬುದೇ ನಮ್ಮ ಅಭಿಪ್ರಾಯ. ಅದಕ್ಕೆ ಕಾರಣಗಳನ್ನು ವಾಚಕರ ಮುಂದಿಡುತ್ತೇವೆ.

ಪೋಲಂಡಿನ ಇತಿಹಾಸವು ದುಃಖದ ಇತಿಹಾಸ. 1795ರಲ್ಲಿ ನೆರೆಯ ಮೂರು ಸಾಮ್ರಾಜ್ಯಗಳು ಆ ರಾಜ್ಯದಲ್ಲಿ ಉಳಿದಿದ್ದ ಭಾಗವನ್ನೂ ಹಂಚಿಕೊಂಡು ಅದರ ಹೆಸರನ್ನೇ ಭೂಪಟದಿಂದ ಅಳಿಸಿದವು. 1918ರಲ್ಲಿ ಸ್ವಾತಂತ್ರ್ಯ ಮರಳಿತು. ಇಪ್ಪತ್ತೊಂದು ವರ್ಷಗಳೊಳಗೆ, 1939ರಲ್ಲಿ, ಪಶ್ಚಿಮದಿಂದ ಜರ್ಮನಿಯೂ ಪೂರ್ವದಿಂದ ರಶಿಯವೂ ಮತ್ತೆ ಮೇಲೆ ಬಿದ್ದವು. ಯುದ್ಧಾನಂತರ ಬಂದದ್ದು ಮಾಸ್ಕೋವಿನ ನೆರಳಿನಲ್ಲಿ ನಡೆಯುವ ಒಂದೇ ಪಕ್ಷದ ಆಳ್ವಿಕೆ. ಇಷ್ಟು ಪೆಟ್ಟು ತಿಂದ ಜನಕ್ಕೆ ವೀರರ ಕಥೆಯೂ ಬಲಿದಾನದ ಹಾಡೂ ಪ್ರಾಣವಾಯುವಾದುದು ಸಹಜವೇ. ಆದರೆ ವಾರ್ಸಾ ವಿಶ್ವವಿದ್ಯಾಲಯದಲ್ಲಿ ಪೋಲಿಶ್ ಸಾಹಿತ್ಯವನ್ನು ಓದಿ, ಅಲ್ಲಿಯ 'ಕುಲ್ತುರಾ' ವಾರಪತ್ರಿಕೆಯಲ್ಲಿ ಲೇಖನಿ ಹಿಡಿದ ಗ್ವೊವಾತ್ಸ್ಕಿಗೆ ವೀರರು ಬೇಕಾಗಿರಲಿಲ್ಲ. ಸಣ್ಣ ಅನುಕೂಲಕ್ಕಾಗಿ ಸಣ್ಣ ಸುಳ್ಳಾಡುವವರು, ಸಭೆಯಲ್ಲಿ ಎಲ್ಲರೊಡನೆ ಕೈಯೆತ್ತಿ ಮನೆಯಲ್ಲಿ ನಿಟ್ಟುಸಿರು ಬಿಡುವವರು, ಇವರೇ ಅವನ ಪಾತ್ರಗಳಾದರು.

ಆಗ ಪೋಲಂಡಿನಲ್ಲಿ ಅಚ್ಚಾಗುವ ಪ್ರತಿಯೊಂದು ಸಾಲೂ ರಂಗದ ಮೇಲೆ ಆಡುವ ಪ್ರತಿಯೊಂದು ಮಾತೂ ಸರಕಾರದ ಸೆನ್ಸಾರ್ ಕಚೇರಿಯನ್ನು ದಾಟಿ ಬರಬೇಕಾಗಿತ್ತು. ಆ ಕಚೇರಿಯಿದ್ದ ವಾರ್ಸಾದ ಬೀದಿಯ ಹೆಸರು 'ಮಿಶ್ಯಾ'. ಎಂದರೆ ಇಲಿಯ ಬೀದಿ. ಕಾಗದ ಕಡಿಯುವ ಕೆಲಸಕ್ಕೆ ಇದಕ್ಕಿಂತ ಒಪ್ಪುವ ವಿಳಾಸ ಸಿಕ್ಕುವುದು ದುರ್ಲಭ! ಇಂತಹ ರಾಜ್ಯದಲ್ಲಿ ನೇರ ಮಾತಿಗೆ ಬಾಗಿಲು ಮುಚ್ಚಿದ್ದರೂ ನಗೆಗೆ ಒಂದು ಕಿಟಕಿ ತೆರೆದಿರುತ್ತದೆ. 1969ರಲ್ಲಿ ಆಂಜೇಯ್ ವಾಯ್ದಾ ನಿರ್ದೇಶಿಸಿದ 'ನೊಣಗಳ ಬೇಟೆ' ಎಂಬ ಚಿತ್ರಕ್ಕೆ ಗ್ವೊವಾತ್ಸ್ಕಿ ಕಥೆಯನ್ನು ಒದಗಿಸಿದನು. ಮರುವರ್ಷ ಮಾರೆಕ್ ಪಿವೋವ್‌ಸ್ಕಿಯೊಡಗೂಡಿ 'ರೇಯ್ಸ್', ಅಂದರೆ 'ನೌಕಾವಿಹಾರ', ಎಂಬ ಚಿತ್ರವನ್ನು ಬರೆದನು.

ಈ ಎರಡನೆಯ ಚಿತ್ರದ ಕಥೆ ತೀರ ಅಲ್ಪವಾದುದು. ವಿಸ್ತುಲಾ ನದಿಯಲ್ಲಿ ಹೋಗುವ ವಿಹಾರದ ಹಡಗಿಗೆ ಒಬ್ಬನು ಟಿಕೀಟಿಲ್ಲದೆ ಹತ್ತುತ್ತಾನೆ. ಹಡಗಿನವರು ಅವನನ್ನು ಸರಕಾರ ಕಳುಹಿಸಿದ ಸಾಂಸ್ಕೃತಿಕ ಅಧಿಕಾರಿಯೆಂದು ತಪ್ಪಾಗಿ ತಿಳಿಯುತ್ತಾರೆ. ಅವನೂ ಅಲ್ಲವೆನ್ನುವುದಿಲ್ಲ. ಸಭೆಗಳನ್ನು ಕೂಡಿಸುತ್ತಾನೆ, ಮಂಡಳಿಗಳನ್ನು ನೇಮಿಸುತ್ತಾನೆ, ಜನರ ಆಟಪಾಟಗಳನ್ನೂ ಅಂಕೆಗೆ ತರುತ್ತಾನೆ. ಪ್ರಯಾಣಿಕರು ಅವನ ಅಧಿಕಾರದ ಪತ್ರವನ್ನು ಕೇಳುವುದನ್ನು ಬಿಟ್ಟು, ಅವನ ಮೆಚ್ಚುಗೆಗಾಗಿ ತಮ್ಮತಮ್ಮಲ್ಲಿ ಪೈಪೋಟಿ ನಡೆಸುತ್ತಾರೆ. ಸರಕಾರದ ಹೆಸರೆತ್ತಿ ಬೈಯುವ ಗೋಜಿಗೆ ಚಿತ್ರವು ಹೋಗುವುದಿಲ್ಲ. ಆದರೂ ಕುಂಬಳಕಾಯಿ ಕಳ್ಳನೆಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವವರು ಆಳುವವರಲ್ಲಿ ಮಾತ್ರವಲ್ಲ, ಪ್ರೇಕ್ಷಕರಲ್ಲಿಯೂ ಇದ್ದರು. ಟಿಕೀಟಿಲ್ಲದ ಅಧಿಕಾರವು ನಡೆಯುವುದು ಪ್ರಯಾಣಿಕರ ಒಪ್ಪಿಗೆಯಿಂದ ಎಂಬ ಸತ್ಯವು ಅವರಿಗೆ ನಗುನಗುತ್ತ ನಾಟಿತು. ಆ ಚಿತ್ರದ ಮಾತುಗಳು ಪೋಲಂಡಿನಲ್ಲಿ ಇಂದಿಗೂ ಜನರ ಬಾಯಲ್ಲಿವೆ.

1980ರ ಆಗಸ್ಟಿನಲ್ಲಿ ಗ್ದಾನ್‌ಸ್ಕ್ ನಗರದ ಲೆನಿನ್ ಹಡಗು ಕಾರಖಾನೆಯಲ್ಲಿ ಮುಷ್ಕರವೆದ್ದಿತು. ಅದರಿಂದ 'ಸಾಲಿಡಾರಿಟಿ' ಎಂಬ ಸ್ವತಂತ್ರ ಕಾರ್ಮಿಕ ಸಂಘವು ಹುಟ್ಟಿತು. ಗ್ವೊವಾತ್ಸ್ಕಿ ಅಲ್ಲಿಗೆ ಹೋದನು; ಕಂಡುದನ್ನು ಕಾದಂಬರಿಯಾಗಿ ಬರೆದನು. ಅದು 1981ರಲ್ಲಿ ಸೆನ್ಸಾರನ್ನು ತಪ್ಪಿಸಿ ಗುಪ್ತ ಮುದ್ರಣದಲ್ಲಿ ಹೊರಬಂದಿತು. ಇಂತಹ ಸಮಯದಲ್ಲಿ ಬೇರೊಬ್ಬನಾಗಿದ್ದರೆ ಮುಷ್ಕರದ ನಾಯಕನನ್ನು ಕಥಾನಾಯಕನಾಗಿ ಮಾಡುತ್ತಿದ್ದನು. ಇವನು ಆರಿಸಿಕೊಂಡುದು ಅರೆಬರೆ ಅಕ್ಷರ ಕಲಿತ, ಯಾರ ಪಕ್ಷವನ್ನು ಹಿಡಿಯಬೇಕೆಂದು ತಿಳಿಯದ ಒಬ್ಬ ಬಡ ಕೂಲಿಕಾರನನ್ನು. ಚಳವಳಿಗಳ ಚರಿತ್ರೆಯಲ್ಲಿ ಇಂತಹವರ ಹೆಸರು ಕಾಣುವುದಿಲ್ಲ. ಆದರೆ ಚಳವಳಿಗಳು ಗೆಲ್ಲುವುದೂ ಸೋಲುವುದೂ ಇಂತಹವರಿಂದಲೇ ಎಂಬುದನ್ನು ನಮ್ಮ ವಾಚಕರಿಗೆ ಹೇಳಬೇಕಾದುದಿಲ್ಲ.

ಅದೇ ವರ್ಷದ ಡಿಸೆಂಬರಿನಲ್ಲಿ 'ಸಿಂಡರೆಲ್ಲಾ' ಕಥೆಯನ್ನು ಆಧರಿಸಿದ ಅವನ ನಾಟಕವು ಲಂಡನ್ನಿನ ರಾಯಲ್ ಕೋರ್ಟ್ ನಾಟಕಶಾಲೆಯಲ್ಲಿ ಪ್ರಯೋಗವಾಗುವುದಿತ್ತು. ಅದಕ್ಕಾಗಿ ಅವನು ಅಲ್ಲಿಗೆ ಹೋದನು. ಹುಡುಗಿಯರ ಸುಧಾರಣಾಲಯಕ್ಕೆ ಚಿತ್ರ ತೆಗೆಯುವವರು ಬರುತ್ತಾರೆ; ಹುಡುಗಿಯರು ತಮ್ಮ ದುಃಖವನ್ನು ತಮಗೆ ಬೇಕಾದಂತೆ ಕ್ಯಾಮರಾದ ಮುಂದೆ ಹೇಳಬೇಕೆಂದು ಪೀಡಿಸುತ್ತಾರೆ; ಸಿಂಡರೆಲ್ಲಾ ಪಾತ್ರದ ಹುಡುಗಿ ಒಲ್ಲೆನೆನ್ನುತ್ತಾಳೆ. ನಾಟಕದ ತಿರುಳು ಇಷ್ಟೇ. ಅವನು ಲಂಡನ್ನಿನಲ್ಲಿರುವಾಗಲೇ, 13ನೆಯ ತಾರೀಖು, ಸೇನಾಪತಿ ಯಾರುಝೆಲ್‌ಸ್ಕಿ ಪೋಲಂಡಿನಲ್ಲಿ ಲಷ್ಕರಿ ಕಾಯಿದೆಯನ್ನು ಸಾರಿದನು. ಬೀದಿಗಳಲ್ಲಿ ಟ್ಯಾಂಕುಗಳು ಇಳಿದವು, ಟೆಲಿಫೋನುಗಳು ಸ್ತಬ್ಧವಾದವು, ಸಾವಿರಾರು ಜನ ಸೆರೆಯಾದರು. ಹೆಂಡತಿಯೂ ಮಗಳೂ ವಾರ್ಸಾದಲ್ಲಿ, ಇವನು ಹೊರಗೆ. ಅವನು ಮರಳಲಿಲ್ಲ. ಅಮೇರಿಕಕ್ಕೆ ಹೋಗಿ ನ್ಯೂಯಾರ್ಕಿನಲ್ಲಿ ನೆಲಸಿದನು; ಹೆಂಡತಿ, ಮಗಳು ಆಮೇಲೆ ಅವನನ್ನು ಕೂಡಿಕೊಂಡರು.

ಅವನನ್ನು ಆಕ್ಷೇಪಿಸುವವರು ಬೆರಳಿಡುವುದು ಇಲ್ಲಿಯೇ. ಸೆರೆಮನೆಯನ್ನು ಕಂಡವರ ತ್ಯಾಗವು ದೊಡ್ಡದು. ಅದನ್ನು ನಾವು ಕಿರಿದುಮಾಡಲಾರೆವು. ಆದರೆ ಹೊರಗುಳಿದವನಿಗೆ ಸುಖವಿತ್ತೆಂದು ತಿಳಿಯುವುದು ತಪ್ಪು. ಸೈನಿಕನಿಗೆ ಖಡ್ಗವಿದ್ದಂತೆ ಲೇಖಕನಿಗೆ ಮಾತೃಭಾಷೆ. ಅದು ನಡೆಯದ ನಾಡಿನಲ್ಲಿ ಅವನು ನಿರಾಯುಧ. ಅವನ 'ಜಿರಲೆಗಳ ಬೇಟೆ' ಎಂಬ ನಾಟಕವನ್ನು 1987ರಲ್ಲಿ ಆರ್ಥರ್ ಪೆನ್ ನ್ಯೂಯಾರ್ಕಿನ ರಂಗಕ್ಕೆ ತಂದನು. ಅದರಲ್ಲಿ ಪೋಲಂಡಿನಿಂದ ಬಂದ ಗಂಡಹೆಂಡಿರು ಜಿರಲೆ ತುಂಬಿದ ಬಾಡಿಗೆಕೋಣೆಯಲ್ಲಿ ನಿದ್ದೆಯಿಲ್ಲದೆ ಹೊರಳುತ್ತಾರೆ. ಗಂಡ ಬರೆಯಲಾರದ ಲೇಖಕ; ಹೆಂಡತಿ ಉಚ್ಚಾರಣೆಯ ದೆಸೆಯಿಂದ ಪಾತ್ರ ಸಿಕ್ಕದ ನಟಿ. ಎರಡೂ ದೇಶಗಳ ಅಧಿಕಾರಿಗಳು ಅವರ ಮಂಚದ ಕೆಳಗಿನಿಂದ ಎದ್ದುಬರುತ್ತಾರೆ! ಒಂದು ದೇಶದಲ್ಲಿ ಬರೆಯಬೇಡವೆಂಬ ಆಜ್ಞೆ. ಇನ್ನೊಂದರಲ್ಲಿ, ಬರೆದರೆ ಬರೆ, ಯಾರಿಗೆ ಬೇಕು ಎಂಬ ಉಪೇಕ್ಷೆ. ಎರಡನೆಯದು ಮೊದಲನೆಯದಕ್ಕಿಂತ ಹಗುರವೆಂದು ಯಾರು ಹೇಳಬಲ್ಲರು?

ಆದರೂ ಅವನು ಆಶ್ರಯ ಕೊಟ್ಟ ದೇಶದ ಭಟ್ಟಂಗಿಯಾಗಲಿಲ್ಲ. 'ನ್ಯೂಯಾರ್ಕಿನಲ್ಲಿ ಆಂಟಿಗನಿ' ಎಂಬ ಅವನ ಪ್ರಸಿದ್ಧ ನಾಟಕವು ಅಲ್ಲಿಯ ಟಾಂಪ್ಕಿನ್ಸ್ ಸ್ಕ್ವೇರ್ ಉದ್ಯಾನದಲ್ಲಿ ಮಲಗುವ ಮನೆಮಾರಿಲ್ಲದವರ ಕಥೆ. ಅನೀತಾ ಎಂಬ ಹೆಂಗಸು ತಾನು ಪ್ರೀತಿಸಿದವನ ಹೆಣವು ಅನಾಥರ ಗುಂಡಿಗೆ ಬೀಳದೆ ಆ ಉದ್ಯಾನದಲ್ಲಿಯೇ ಮಣ್ಣಾಗಬೇಕೆಂದು ಹಟ ಹಿಡಿಯುತ್ತಾಳೆ. ಗ್ರೀಕರ ಪುರಾತನ ನಾಟಕದ ರಾಜಕುಮಾರಿ ಅರಸನೊಡನೆ ಹೂಡಿದ ಜಗಳವನ್ನು ಇಲ್ಲಿ ಒಬ್ಬ ಭಿಕಾರಿಣಿ ಜಗತ್ತಿನ ಅತ್ಯಂತ ಧನಾಢ್ಯ ನಗರದೊಡನೆ ಹೂಡುತ್ತಾಳೆ. ವಾರ್ಸಾದಲ್ಲಿ ಸತ್ಯ ಹೇಳಿದವನು ನ್ಯೂಯಾರ್ಕಿನಲ್ಲಿಯೂ ಅದನ್ನೇ ಹೇಳಿದನು.

1989ರಲ್ಲಿ ಪೋಲಂಡು ಬಿಡುಗಡೆ ಹೊಂದಿತು; ಮರುವರ್ಷ ಇಲಿಯ ಬೀದಿಯ ಕಚೇರಿಯೂ ಮುಚ್ಚಿತು. ಆಗ ಎದ್ದುದು ಇನ್ನೂ ಕಠಿಣವಾದ ಪ್ರಶ್ನೆ: ಗೆದ್ದ ನಮ್ಮವರನ್ನು ನೋಡಿ ನಗಬಹುದೇ? ಮುಷ್ಕರದ ನಾಯಕ ಲೇಖ್ ವಲೇಸಾನು 1983ರಲ್ಲಿ ನೊಬೆಲ್ ಶಾಂತಿ ಪಾರಿತೋಷಕವನ್ನು ಪಡೆದು, 1990ರಿಂದ 1995ರ ವರೆಗೆ ರಾಷ್ಟ್ರಾಧ್ಯಕ್ಷನಾಗಿದ್ದವನು. ಅವನ ಜೀವನವನ್ನು ವಾಯ್ದಾ 2013ರಲ್ಲಿ ತೆರೆಗೆ ತಂದಾಗ ಚಿತ್ರಕಥೆಯನ್ನು ಬರೆದವನು ಗ್ವೊವಾತ್ಸ್ಕಿ. ವಿದ್ಯುತ್ ಕೆಲಸಗಾರನೊಬ್ಬನ ಧೈರ್ಯ, ಸಮಯಸ್ಫೂರ್ತಿಗಳೊಡನೆ ಅವನ ಜಂಭವನ್ನೂ ಆ ಚಿತ್ರ ತೋರಿಸಿತು. ಪೋಲೀಸರು ಒಡ್ಡಿದ ಕಾಗದಕ್ಕೆ ಒಮ್ಮೆ ರುಜು ಹಾಕಿದ ಅವನ ದೌರ್ಬಲ್ಯವನ್ನೂ ಮುಚ್ಚಿಡಲಿಲ್ಲ. ಆ ಚಿತ್ರಕಥೆಯನ್ನು ಬರೆದ ಬಗೆಯನ್ನು ಕುರಿತು ಗ್ವೊವಾತ್ಸ್ಕಿ ಒಂದು ಪುಸ್ತಕವನ್ನೇ ಪ್ರಕಟಿಸಿದನು. 'ಬಂದೆ' ಎಂಬರ್ಥದ ಅದರ ಹೆಸರು ವ್ಯಾಕರಣ ತಪ್ಪಿದ ಆಡುಮಾತಿನಲ್ಲಿದೆ. ಕೆಲವರಿಗೆ ಇದು ಅಪಚಾರವೆಂದು ತೋರೀತು. ನಮಗೆ ಹಾಗೆ ತೋರುವುದಿಲ್ಲ. ದೌರ್ಬಲ್ಯವಿದ್ದೂ ಎದ್ದುನಿಂತ ಮನುಷ್ಯನು ದೌರ್ಬಲ್ಯವೇ ಇಲ್ಲದ ವಿಗ್ರಹಕ್ಕಿಂತ ದೊಡ್ಡವನು. ವಿಗ್ರಹವನ್ನು ಪೂಜಿಸಬಹುದೇ ಹೊರತು ಅದರಂತೆ ನಡೆಯಲು ಬರುವುದಿಲ್ಲ.

ಕಾಳಿದಾಸನ ಶಾಕುಂತಲವನ್ನು ಓದಿದವರು ಒಂದು ಸಂಗತಿಯನ್ನು ಗಮನಿಸಿರಬಹುದು. ದುಷ್ಯಂತನ ಗುಟ್ಟನ್ನು ಕೇಳಿದ್ದವನು ವಿದೂಷಕ ಮಾಢವ್ಯನೊಬ್ಬನೇ. ಶಕುಂತಲೆಯು ಆಸ್ಥಾನಕ್ಕೆ ಬರುವುದಕ್ಕೆ ಸ್ವಲ್ಪ ಮುಂಚೆ ಅರಸನು ಅವನನ್ನು ಬೇರೊಂದು ಕೆಲಸಕ್ಕೆ ಕಳುಹಿಸಿರುತ್ತಾನೆ. ವಿದೂಷಕನಿಲ್ಲದ ಆ ಸಭೆಯಲ್ಲಿಯೇ ಅರಸನು ತನ್ನ ಧರ್ಮಪತ್ನಿಯನ್ನು ಗುರುತಿಸದೆ ಹೋದನು. ಪುರೋಹಿತನಿದ್ದನು, ಪರಿವಾರವಿದ್ದಿತು, ನಗೆಯಾಡಿ ನೆನಪು ಕೊಡಬಹುದಾಗಿದ್ದವನೇ ಇರಲಿಲ್ಲ. ರಾಷ್ಟ್ರಗಳ ಗತಿಯೂ ಹೀಗೆಯೇ. ಹೊಗಳುವವರನ್ನು ಸುತ್ತ ಕೂರಿಸಿಕೊಂಡು ವಿದೂಷಕನನ್ನು ಹೊರಗಟ್ಟಿದ ದಿನವೇ ವಿಸ್ಮೃತಿಯ ಶಾಪವು ಫಲಿಸುತ್ತದೆ.

ಗ್ವೊವಾತ್ಸ್ಕಿಯ ನಗೆಯಲ್ಲಿ ಎಲ್ಲೆಡೆಯೂ ಸಮತೂಕವಿತ್ತೆಂದು ನಾವು ವಾದಿಸುವುದಿಲ್ಲ. ಯಾವುದನ್ನೂ ನಂಬದವನ ತಣ್ಣನೆಯ ಧ್ವನಿ ಅವನಲ್ಲಿ ಆಗಾಗ ಕೇಳಿಬರುತ್ತದೆ. ಆದರೆ ನಿರಾಶೆಯಿಂದ ನಗುವವನು ಬೇರೆ, ದ್ವೇಷದಿಂದ ನಗುವವನು ಬೇರೆ. ಅವನು ಸತ್ತ ಮರುವರ್ಷ, 2018ರಲ್ಲಿ, ಜಗತ್ತಿನ ಮನ್ನಣೆ ಪಡೆದ 'ಶೀತಲ ಸಮರ' ಎಂಬ ಪೋಲಿಶ್ ಚಿತ್ರದ ಲೇಖಕರಲ್ಲಿ ಅವನ ಹೆಸರೂ ಇದ್ದಿತು. ಅದರ ವಸ್ತುವೂ ದೇಶವನ್ನು ಬಿಟ್ಟು ಬದುಕಲಾರದವರ ಸಂಕಟವೇ. ಅವನ ದೇಹವು ಕಡೆಗೆ ವಾರ್ಸಾದ ಮಣ್ಣನ್ನೇ ಸೇರಿತು. ತನ್ನ ಲೋಪಗಳನ್ನು ನೋಡಿ ನಕ್ಕವನಿಗೆ ಪೋಲಂಡು ತನ್ನ ನೆಲದಲ್ಲಿ ಗೌರವದ ಸ್ಥಳವನ್ನು ಕೊಟ್ಟಿತು. ಸ್ವತಂತ್ರ ದೇಶದ ಲಕ್ಷಣವು ಇದೇ. ಆ ಲಕ್ಷಣವು ತಮ್ಮಲ್ಲಿ ಉಂಟೇ ಎಂದು ಪ್ರತಿಯೊಂದು ಜನಾಂಗವೂ ತನ್ನನ್ನು ತಾನೇ ಕೇಳಿಕೊಳ್ಳತಕ್ಕದ್ದು.